ಜಾರದ ಕ್ಲಚ್ಚು

ಮಾರ್ಚ್ ೪

ಪುಟ್ಟಿ,

ಅಕ್ಷರ ನೋಡಿ ಗಾಬರಿಯಾಗಬೇಡ. ಹೇಳುತ್ತಿರುವವಳು ನಾನೇ, ನಿನ್ನ ಅಕ್ಕ. ಬರೆಯುತ್ತಿರುವವರು ನಿನ್ನ ಭಾವ. ಇಪ್ಪತ್ತೆರಡು ವರ್ಷ ಗೋಡೆಗೆ ತೂತು ಹೊಡೆದ ಕೈಯಲ್ಲವೇ, ಕಾಗದಕ್ಕೂ ತೂತು ಬೀಳದಿದ್ದರೆ ಸಾಕು. (ಬಿದ್ದಿಲ್ಲ. ಇದು ನಾನು ಸೇರಿಸಿದ್ದು. - ಭಾವ)

ನೀನು ಹೊಸ ಕೆಲಸಕ್ಕೆಂದು ಹೋಗಿ ತಿಂಗಳಾಯಿತು. ಫೋನು ಮಾಡಿದರೆ “ಹೂಂ ಅಕ್ಕ, ಸರಿ ಅಕ್ಕ, ಮಾಲೀಕರು ಕರೀತಿದಾರೆ ಅಕ್ಕ” ಎಂದು ಇಟ್ಟುಬಿಡುತ್ತೀಯ. ನಾನು ಫೋನು ಮಾಡಿದಾಗಲೇ ಕರೆಯುವ ಕಾಯಿಲೆಯೇ ಆ ಮನುಷ್ಯನಿಗೆ? ಅದಕ್ಕೇ ಈ ಕಾಗದ. ಇದನ್ನು ಮಧ್ಯದಲ್ಲಿ ಕಟ್ ಮಾಡಲು ನಿನ್ನಿಂದ ಆಗುವುದಿಲ್ಲ, ಪೂರ್ತಿ ಓದಲೇಬೇಕು.

ಭುಜದ ಕಟ್ಟು ಬಿಚ್ಚಿದ್ದಾರೆ. ಕೈ ಎದೆಯ ಮಟ್ಟಕ್ಕೆ ಬರುತ್ತದೆ, ಅಲ್ಲಿಂದ ಮೇಲೆ ಹೋಗು ಎಂದರೆ ಮುಷ್ಕರ ಹೂಡುತ್ತದೆ. ಪೆನ್ನು ಹಿಡಿದರೆ ಬೆರಳು ನಡುಗುತ್ತವೆ. ವ್ಯಾಯಾಮ ಮಾಡಿಸುವ ಮೇಡಂ “ಆರು ತಿಂಗಳು ತಾಳ್ಕೊಳ್ಳಿ” ಎಂದು ನಗುತ್ತಾ ತಿರುಚುತ್ತಾರೆ. ನನಗೆ ಅವರ ನಗುವೇ ಹೆಚ್ಚು ನೋಯುತ್ತದೆ.

ತಲೆ ಬಾಚಿಕೊಳ್ಳಲು ಆಗುವುದಿಲ್ಲವಲ್ಲ, ದಿನಾ ಬೆಳಿಗ್ಗೆ ನಿನ್ನ ಭಾವನೇ ಜಡೆ ಹೆಣೆಯುತ್ತಾರೆ. ಮೊದಲ ವಾರ ಕೊರೆಯುವ ಮಿಷನ್ನಿನ ವೈರು ಸುತ್ತಿದ ಹಾಗೆ ಸುತ್ತಿ ಗಂಟು ಹಾಕುತ್ತಿದ್ದರು. ಈಗ ಮೂರು ಎಳೆ ಸರಿಯಾಗಿ ಬರುತ್ತವೆ. ಆದರೆ ಹೆಣೆದು ಮುಗಿಸಿದ ಮೇಲೆ ದಿನಾ ಅದೇ ಒಂದು ಮಾತು, “ತಪ್ಪಾಯ್ತು ಕಣೇ.” (ಇದನ್ನೂ ಬರೆಯಬೇಕಾ ಎಂದು ಕೇಳಿದೆ. ಬರೀರಿ ಎಂದಳು.)

ಮಿಷನ್ ಮುಟ್ಟುವುದಿಲ್ಲ ಎಂದು ಶಪಥ ಮಾಡಿದ್ದಾರೆ. ಬಣ್ಣದ ಅಂಗಡಿಯಲ್ಲಿ ಡಬ್ಬ ಎತ್ತಿ ಕೊಡುವ ಕೆಲಸ ಹಿಡಿದಿದ್ದಾರೆ. ಹಳೆಯ ಗಿರಾಕಿಗಳು ಅಂಗಡಿಗೇ ಹುಡುಕಿಕೊಂಡು ಬಂದು ಕರೆಯುತ್ತಾರಂತೆ. “ನನ್ನ ಕೈ ತಪ್ತು, ಹೆಂಡತಿ ಭುಜ ಮುರೀತು, ಬೇರೆಯವರನ್ನ ನೋಡ್ಕೊಳ್ಳಿ” ಎಂದು ಕಳಿಸುತ್ತಾರಂತೆ. ಕೇಳಿದವರಿಗೆಲ್ಲ ಇದೇ ಉತ್ತರ. ಮಿಷನ್ನು ಮಂಚದ ಕೆಳಗೆ ಗೋಣಿಚೀಲ ಹೊದ್ದು ಮಲಗಿದೆ.

ನೀನು ಊಟ ಸರಿಯಾಗಿ ಮಾಡು. ಉತ್ತರ ಬರೆ, ಎರಡು ಪುಟಕ್ಕೆ ಕಡಿಮೆಯಾದರೆ ವಾಪಸು ಕಳಿಸುತ್ತೇನೆ.

ನಿನ್ನನ್ನು ಎತ್ತಿ ಆಡಿಸಿದ ಅಕ್ಕ
(ಮತ್ತು ಅವಳ ಗುಮಾಸ್ತ)


ಮಾರ್ಚ್ ೧೯

ಅಕ್ಕನಿಗೆ, ಅಕ್ಕನ ಗುಮಾಸ್ತರಿಗೆ,

ಇಲ್ಲಿ ಎಲ್ಲ ಚೆನ್ನಾಗಿದೆ. ರಿಪೇರಿ ಅಂಗಡಿ ಒಂದು ಉದ್ದನೆಯ ಕೋಣೆ. ಒಂದು ಕಡೆ ಕೊಯ್ಯುವ ಮಿಷನ್‌ಗಳು, ಇನ್ನೊಂದು ಕಡೆ ಕೊರೆಯುವ, ಒಡೆಯುವ ಮಿಷನ್‌ಗಳು. ಕೊರೆಯುವವೆಲ್ಲ ನನ್ನ ಪಾಲಿಗೆ. ಮೋಟಾರಿನ ಸವೆದ ಕಾರ್ಬನ್ ಬದಲಿಸುವುದು, ಹಳೆಯ ಗ್ರೀಸು ಕೆರೆದು ಹೊಸದು ತುಂಬುವುದು, ಸುಟ್ಟ ವೈರು ಕತ್ತರಿಸಿ ಹಾಕುವುದು. ಹೆಂಗಸು ಬಿಚ್ಚಿದ ಮಿಷನ್ ಓಡುತ್ತದೆಯೇ ಎಂದು ಗಿರಾಕಿಗಳು ಎರಡೆರಡು ಸಲ ಆನ್ ಮಾಡಿ ನೋಡುತ್ತಾರೆ. ಓಡಿದ ಮೇಲೆ ಮುಖ ಸಪ್ಪೆ ಮಾಡಿಕೊಂಡು ಹೋಗುತ್ತಾರೆ.

ಮಾಲೀಕರಿಗೆ ಎಪ್ಪತ್ತು ದಾಟಿದೆ. ಎಲ್ಲರೂ ಗ್ರೀಸ್ ತಾತ ಎನ್ನುತ್ತಾರೆ. ಬೈಯುವಾಗಲೂ ಹೊಗಳುವಾಗಲೂ ಒಂದೇ ದನಿ, ನಾವೇ ಊಹಿಸಿಕೊಳ್ಳಬೇಕು.

ಅಕ್ಕ, ಮೇಡಂ ಹೇಳಿದ ವ್ಯಾಯಾಮ ತಪ್ಪಿಸಬೇಡ. ಭಾವ, ಆ ಮಿಷನ್ನನ್ನು ಯಾರೂ ಮುಟ್ಟುತ್ತಿಲ್ಲವಷ್ಟೇ? ಸುಮ್ಮನೆ ಕೇಳಿದೆ. ಮಂಚದ ಕೆಳಗೇ ಇರಲಿ.

ಎರಡು ಪುಟ ಆಗಲಿಲ್ಲ. ತಾತ ಕರೆಯುತ್ತಿದ್ದಾರೆ, ನಿಜವಾಗಿಯೂ.

ಪುಟ್ಟಿ


ಮಾರ್ಚ್ ೧೯
(ಅದೇ ದಿನ ಬರೆದು, ಅಂಚೆಗೆ ಹಾಕದೆ ಉಳಿದದ್ದು)

ಭಾವ,

ನಿಮ್ಮ ಕೈ ತಪ್ಪಲಿಲ್ಲ.

ಈ ಒಂದು ಸಾಲು ಬರೆಯಲು ನನಗೆ ಎರಡು ತಿಂಗಳು ಬೇಕಾಯಿತು. ಉಳಿದದ್ದನ್ನೂ ಬರೆದುಬಿಡುತ್ತೇನೆ.

ಕೊರೆಯುವಾಗ ಮಿಷನ್ನಿನ ಮೂತಿಯ ಬಿಟ್ ಕಾಂಕ್ರೀಟಿನೊಳಗಿನ ಕಂಬಿಗೆ ಸಿಕ್ಕಿಕೊಂಡರೆ ಮಿಷನ್ನಿನ ಕ್ಲಚ್ಚು ಜಾರಬೇಕು. ಟರ್ರೆಂದು ಸದ್ದಾಗಿ ಬಿಟ್ ನಿಲ್ಲಬೇಕು, ಮಿಷನ್ನು ಹಿಡಿದವರ ಕೈಯಲ್ಲೇ ಉಳಿಯಬೇಕು. ಜಾರದಿದ್ದರೆ ಬಿಟ್ ಗೋಡೆಯಲ್ಲಿ ನಿಲ್ಲುತ್ತದೆ, ಮಿಷನ್ನೇ ತಿರುಗುತ್ತದೆ. ಇದನ್ನು ನನಗೆ ಕಲಿಸಿದವರು ನೀವು. ಹತ್ತು ವರ್ಷದವಳಿದ್ದಾಗ ನಿಮ್ಮ ಮಿಷನ್ನು ಬಿಚ್ಚಿ ಚಾಪೆಯ ಮೇಲೆ ಹರಡಿದ್ದೆ. ಅಕ್ಕ ಕೋಲು ಹುಡುಕುತ್ತಿದ್ದರೆ, ನೀವು ಪಕ್ಕದಲ್ಲಿ ಕೂತು ಒಂದೊಂದರ ಹೆಸರು ಹೇಳಿಕೊಟ್ಟಿರಿ. ಅವತ್ತಿನಿಂದ ನಾನು ಸ್ಕ್ರೂರಾಣಿಯಾದೆ.

ಡಿಸೆಂಬರಿನಲ್ಲಿ ಕ್ಲಚ್ಚಿನ ಸ್ಪ್ರಿಂಗು ಸೋತು ಸುಮ್ಮಸುಮ್ಮನೆ ಜಾರತೊಡಗಿತು. “ಬೆಳಿಗ್ಗೆ ಕೆಲಸ ಇದೆ, ಏನಾದ್ರೂ ಮಾಡೇ ಸ್ಕ್ರೂರಾಣಿ” ಎಂದಿರಿ. ಹೊಸ ಸ್ಪ್ರಿಂಗು ಬರಲು ವಾರ ಬೇಕಿತ್ತು. ನಾನು ಹಳೆಯ ಸ್ಪ್ರಿಂಗಿನ ಅಡಿಗೆ ಎರಡು ವಾಷರ್ ಇಟ್ಟು ಬಿಗಿ ಮಾಡಿದೆ. ಒಂದು ವಾರದ ಮಟ್ಟಿಗೆ ಎಂದುಕೊಂಡೆ. ನಿಮಗೆ ಹೇಳಲಿಲ್ಲ, ಹೇಳಿದರೆ ನೀವು ಒಪ್ಪುತ್ತಿರಲಿಲ್ಲ. ಮಾರನೆಯ ದಿನ ನೀವು ಗಾರೆಯವರ ಮುಂದೆ, ಪ್ಲಂಬರಿನ ಮುಂದೆ, “ನನ್ನ ನಾದಿನಿ ಕೈ ಇಟ್ಟಳು, ಮಿಷನ್ ಹೊಸದಾಗ್ಬಿಡ್ತು” ಎಂದು ಹೇಳಿಕೊಂಡು ಓಡಾಡಿದಿರಿ. ನನಗೂ ತಲೆಗೇರಿತು. ಹೊಸ ಸ್ಪ್ರಿಂಗು ಬಂದಾಗ, ಈಗ ಮತ್ತೆ ಬಿಚ್ಚಿದರೆ ಏಕೆಂದು ಕೇಳುತ್ತಾರೆ, ನಿಜ ಹೇಳಬೇಕಾಗುತ್ತದೆ ಎಂದು ಸುಮ್ಮನಾದೆ. ನಾಳೆ, ನಾಡಿದ್ದು ಎಂದು ಐದು ವಾರ ಕಳೆದೆ.

ಆ ದಿನ ನೀವು ಏಣಿಯ ಮೇಲೆ, ಛಾವಣಿಯ ಮೂಲೆಗೆ ಪೈಪಿನ ತೂತು. ಅಕ್ಕ ಎಂದಿನಂತೆ ಸ್ಟೂಲು ಹತ್ತಿ, ಧೂಳು ಆ ಮನೆಯವರ ಸಾಮಾನಿನ ಮೇಲೆ ಬೀಳದ ಹಾಗೆ ತೂತಿನ ಕೆಳಗೆ ಬೇಸಿನ್ನು ಹಿಡಿದಿದ್ದಳು. ಧೂಳು ಬೀಳದ ಜೋಡಿ ಎಂದು ನಿಮ್ಮಿಬ್ಬರಿಗೆ ಹೆಸರಿತ್ತಲ್ಲ. ಬಿಟ್ ಕಂಬಿಗೆ ಸಿಕ್ಕಿತು. ಮಿಷನ್ನು ನಿಮ್ಮ ಕೈಯಿಂದ ಕಿತ್ತುಕೊಂಡು ತಿರುಗಿ ಅಕ್ಕನ ಭುಜಕ್ಕೆ ಬಡಿಯಿತು. ಅವಳು ಬೇಸಿನ್ನಿನ ಸಮೇತ ನೆಲಕ್ಕೆ ಬಿದ್ದಳು. ನೀವು ಆಸ್ಪತ್ರೆಯ ಬೆಂಚಿನ ಮೇಲೆ ನಿಮ್ಮ ಎರಡೂ ಅಂಗೈ ನೋಡಿಕೊಳ್ಳುತ್ತಾ ಕೂತಿದ್ದಿರಿ. ನಾನು ನಿಮ್ಮ ಪಕ್ಕದಲ್ಲೇ ಕೂತಿದ್ದೆ.

ಈ ಕೆಲಸ ಸಿಕ್ಕಿತೆಂದು ಬರಲಿಲ್ಲ ಭಾವ. ನಿಮ್ಮ ಮುಖ ನೋಡಲಾಗದೆ ಬಂದೆ


ಏಪ್ರಿಲ್ ೨೭

ಸ್ಕ್ರೂರಾಣಿಯವರೇ,

ಇದು ಗುಮಾಸ್ತನ ಕಾಗದವಲ್ಲ, ನನ್ನದೇ. ನಿನ್ನ ಅಕ್ಕನಿಗೆ ಗೊತ್ತಿಲ್ಲ. ಉತ್ತರವನ್ನು ಅಂಗಡಿಯ ವಿಳಾಸಕ್ಕೆ ಬರೆ.

ಒಂದು ಸುಳ್ಳು ಹೇಳಿದ್ದೇನೆ. ಮಿಷನ್ನಿನ ಪಕ್ಕದ ಹಿಡಿ ಇತ್ತು, ಆದರೂ ಕೈ ತಪ್ಪಿತು ಎಂದು ನಿನ್ನ ಅಕ್ಕನಿಗೂ ಎಲ್ಲರಿಗೂ ಹೇಳಿದೆ. ಹಿಡಿ ಇರಲಿಲ್ಲ. ಆ ಮೂಲೆಯಲ್ಲಿ ಹಳೆಯ ಪೈಪು ಅಡ್ಡ ಬರುತ್ತಿತ್ತು, ಹಿಡಿ ತಗಲುತ್ತಿತ್ತು. ತಿರುಗಿಸಿ ತೆಗೆದು ಜೇಬಿಗೆ ಹಾಕಿಕೊಂಡೆ. ನಾಲ್ಕು ಇಂಚು ತೂತು, ಎರಡು ನಿಮಿಷದ ಕೆಲಸ ಎಂದುಕೊಂಡೆ. ಹಿಡಿ ಇಲ್ಲದೆ ಮಿಷನ್ ಮುಟ್ಟಬಾರದೆಂದು ನಿನಗೆ ಕಿವಿ ಹಿಂಡಿ ಹೇಳಿದವನು ನಾನು.

ಈಗ ಪ್ರತಿದಿನ ಅಂಗಡಿಯಲ್ಲಿ ಡಬ್ಬಗಳ ನಡುವೆ ಕೂತು ಇದನ್ನೇ ಯೋಚಿಸುತ್ತೇನೆ. ಹಿಡಿ ಇದ್ದಿದ್ದರೆ ಮಿಷನ್ನು ನನ್ನ ಕೈಯಲ್ಲೇ ನಿಲ್ಲುತ್ತಿತ್ತೇ? ಇಲ್ಲಿ ಯಾರನ್ನು ಕೇಳಿದರೂ ಸಮಾಧಾನಕ್ಕೆ ಏನೋ ಒಂದು ಹೇಳುತ್ತಾರೆ. ನನಗೆ ಸಮಾಧಾನ ಬೇಡ. ನೀನು ದಿನಾ ಹತ್ತು ಮಿಷನ್ನಿನ ಹೊಟ್ಟೆ ಬಗೆಯುವವಳು. ಭಾವ ಎಂದು ಮುಲಾಜು ಇಟ್ಟುಕೊಳ್ಳದೆ ಹೇಳು. ಕೈಮುಗಿದು ಕೇಳುತ್ತೇನೆ, ತಪ್ಪು ನನ್ನದೇ ತಾನೇ?

ಹೌದೆಂದರೆ ಹೌದೆಂದು ಬರೆ. ತಡೆದುಕೊಳ್ಳುತ್ತೇನೆ. ಗೊತ್ತಿಲ್ಲದೆ ಇರುವುದೇ ಕಷ್ಟ.

ಭಾವ


ಮೇ ೧೦

ಭಾವ,

ನಿಮ್ಮ ಕಾಗದ ತಲುಪಿತು. ಪಕ್ಕದ ಹಿಡಿ ಇದ್ದಿದ್ದರೆ ನಿಮಗೆ ಎರಡು ಕೈಯ ಬಲ ಸಿಗುತ್ತಿತ್ತು. ಮಿಷನ್ನು ತಿರುಗಿದರೂ ಅಷ್ಟು ಜೋರಾಗಿ ತಿರುಗುತ್ತಿರಲಿಲ್ಲ, ಬಹುಶಃ ನಿಲ್ಲುತ್ತಿತ್ತು. ಹಿಡಿ ತೆಗೆಯಬಾರದಿತ್ತು. ಕೇಳಿದಿರಿ ಎಂದು ಹೇಳುತ್ತಿದ್ದೇನೆ.

ಆದರೆ ಇಂಥದ್ದಕ್ಕೆಲ್ಲ ಹಲವು ಕಾರಣಗಳು ಇರುತ್ತವೆ. ನೀವು ಅದನ್ನೇ ತಲೆಯಲ್ಲಿ ಇಟ್ಟುಕೊಂಡು ಕೊರಗಬೇಡಿ. ಅಕ್ಕನಿಗೆ ಈ ವಿಷಯ ಈಗ ಹೇಳುವ ಅಗತ್ಯವೂ ಇಲ್ಲ ಎಂದು ನನಗನ್ನಿಸುತ್ತದೆ.

ಇಲ್ಲಿ ಸೆಕೆ ಜಾಸ್ತಿ. ಕೆಲಸವೂ ಜಾಸ್ತಿ.

ಪುಟ್ಟಿ


ಜೂನ್ ೧೨

ಪುಟ್ಟಿ,

ನಿನ್ನ ಉತ್ತರ ಓದಿ ಒಂದು ರೀತಿಯಲ್ಲಿ ಹಗುರವಾಯಿತು. ನಿಜ ಹೇಳುವವರು ಒಬ್ಬರಾದರೂ ಇದ್ದಾರಲ್ಲ ಎನ್ನಿಸಿತು. ನೀನೇ ಅಷ್ಟು ನೇರವಾಗಿ ಬರೆದಿರುವಾಗ ನಾನು ಬಚ್ಚಿಟ್ಟುಕೊಂಡು ತಿರುಗುವುದು ಸರಿಯಲ್ಲ ಎಂದು ನಿನ್ನ ಅಕ್ಕನಿಗೂ ಹೇಳಿಬಿಟ್ಟೆ. ನೀನು ಬೇಡ ಎಂದಿದ್ದೆ, ಆದರೆ ತಡೆಯಲಾಗಲಿಲ್ಲ.

ಅವಳು ಕೂಗಾಡಲಿಲ್ಲ. ಕೂಗಾಡಿದ್ದರೆ ಚೆನ್ನಾಗಿತ್ತು. “ಜೇಬಲ್ಲಿ ಇತ್ತಾ?” ಎಂದು ಒಂದೇ ಮಾತು ಕೇಳಿದಳು. ಹೌದು ಎಂದೆ. ಎಂಟು ದಿನವಾಯಿತು, ಮಾತಿಲ್ಲ. ಬೆಳಿಗ್ಗೆ ಬಂದು ಬೆನ್ನು ಹಾಕಿ ಕೂರುತ್ತಾಳೆ, ನಾನು ಜಡೆ ಹೆಣೆಯುತ್ತೇನೆ, ಎದ್ದು ಹೋಗುತ್ತಾಳೆ. ಅವಳ ಸಿಟ್ಟು ನ್ಯಾಯವಾದದ್ದೇ. ನಾನು ಎರಡು ಹೊತ್ತು ಊಟ ಮಾಡುತ್ತಿದ್ದೇನಲ್ಲ, ಅದೇ ಹೆಚ್ಚು.

ಇನ್ನೊಂದು ವಿಷಯ. ಮಂಚದ ಕೆಳಗೆ ಆ ಮಿಷನ್ನು ಇರುವವರೆಗೆ ನಿನ್ನ ಅಕ್ಕ ಆ ಕೋಣೆಯನ್ನು ಗುಡಿಸುವುದೂ ಇಲ್ಲ. ಪ್ಲಂಬರು ಬಹಳ ದಿನದಿಂದ ಕೇಳುತ್ತಿದ್ದ, ಕೊಟ್ಟುಬಿಡೋಣ ಎಂದಿದ್ದೇನೆ. ಮುಂದಿನ ಸೋಮವಾರ ಬಂದು ಒಯ್ಯುತ್ತಾನೆ. ನಿನ್ನ ಕೈಯಲ್ಲಿ ರಿಪೇರಿಯಾದ ಮಿಷನ್ನು ಎಂದು ಅವನಿಗೂ ನಂಬಿಕೆ.

ಭಾವ


ಜೂನ್ ೧೭

ಭಾವ,

ಬೆಳಿಗ್ಗೆ ಅಂಗಡಿಗೆ ಫೋನು ಮಾಡಿ, ಮಿಷನ್ನನ್ನು ಯಾರಿಗೂ ಕೊಡಬೇಡಿ, ಪ್ಲಗ್ಗಿಗೂ ಹಾಕಬೇಡಿ ಎಂದೆ. ಏಕೆ ಎಂದು ಕೇಳಿದಿರಿ. ಕಾಗದದಲ್ಲಿ ಬರೆಯುತ್ತೇನೆ ಎಂದು ಇಟ್ಟುಬಿಟ್ಟೆ. ಅದು ಇದೇ ಕಾಗದ.

ಇದರ ಜೊತೆ ಇನ್ನೊಂದು ಹಾಳೆ ಇದೆ. ಮಾರ್ಚ್ ಹತ್ತೊಂಬತ್ತರಂದು ಬರೆದದ್ದು. ಮೂರು ತಿಂಗಳು ನನ್ನ ಬಟ್ಟೆಗಳ ಕೆಳಗಿತ್ತು. ಮೊದಲು ಅದನ್ನು ಓದಿ.

ಓದಿದಿರಾ?

ನೀವು ಕೈಮುಗಿದು ಕೇಳಿದಾಗಲೂ ನಾನು ಹಿಡಿಯ ಬಗ್ಗೆ ಮಾತ್ರ ಬರೆದೆ. ಬರೆದದ್ದರಲ್ಲಿ ಒಂದಕ್ಷರವೂ ಸುಳ್ಳಲ್ಲ, ಅದಕ್ಕೇ ನನಗೆ ನನ್ನ ಮೇಲೆ ಅಸಹ್ಯ. ನಿಮ್ಮ ಹಿಡಿ ಇಲ್ಲದ ಸುದ್ದಿ ಓದಿದಾಗ ನನಗೆ ಮೊದಲು ಅನ್ನಿಸಿದ್ದೇನು ಗೊತ್ತೇ? ಸದ್ಯ, ಬದುಕಿದೆ ಎಂದು. ಹೊರಲು ಇನ್ನೊಂದು ಹೆಗಲು ಸಿಕ್ಕಿತು ಎಂದು. ನನ್ನನ್ನು ಚಾಪೆಯ ಮೇಲೆ ಕೂರಿಸಿಕೊಂಡು ಕೆಲಸ ಕಲಿಸಿದವರ ಹೆಗಲು ಅದು.

ಹೋದ ವಾರ ಇಲ್ಲಿಗೆ ಒಂದು ಮಿಷನ್ನು ಬಂತು. ತಾತ ಬಿಚ್ಚಿದರು. ಕ್ಲಚ್ಚಿನ ಸ್ಪ್ರಿಂಗಿನ ಅಡಿಯಲ್ಲಿ ಯಾರೋ ತಗಡು ಕತ್ತರಿಸಿ ತುರುಕಿದ್ದರು. ತಾತ ಅದನ್ನು ಇಕ್ಕಳದಲ್ಲಿ ಎತ್ತಿ ಎಲ್ಲರಿಗೂ ತೋರಿಸಿ, “ಇದನ್ನ ಮಾಡಿದವನ ಕೈಗೇ ಈ ಮಿಷನ್ ಕೊಟ್ಟು ಏಣಿ ಹತ್ತಿಸ್ಬೇಕು” ಎಂದರು. ಎಲ್ಲರೂ ನಕ್ಕರು. ನಾನೂ ನಕ್ಕೆ ಭಾವ. ಅಷ್ಟಾದರೂ ನಿಮಗೆ ಬರೆಯಲಿಲ್ಲ. ಇನ್ನೊಬ್ಬರ ಮನೆ ಮುರಿಯುವ ಹೊತ್ತು ಬಂದಾಗ ಮಾತ್ರ ಬರೆಯುತ್ತಿದ್ದೇನೆ. ನನ್ನ ಯೋಗ್ಯತೆ ಇಷ್ಟು.

ಹಿಡಿ ತೆಗೆದದ್ದು ನಿಮ್ಮ ತಪ್ಪು, ಅದನ್ನು ಇಲ್ಲವೆನ್ನುವುದಿಲ್ಲ. ಆದರೆ ಕ್ಲಚ್ಚು ಸರಿಯಿದ್ದಿದ್ದರೆ ಹಿಡಿ ಇಲ್ಲದೆಯೂ ನಿಮ್ಮ ಮಣಿಕಟ್ಟು ಒಂದು ದಿನ ನೋಯುತ್ತಿತ್ತು, ಅಷ್ಟೇ. ಅಕ್ಕ ಮನೆಗೆ ಬಂದು ನಿಮ್ಮನ್ನು ಬೈದು ಎಣ್ಣೆ ತಿಕ್ಕುತ್ತಿದ್ದಳು. ಕ್ಲಚ್ಚು ಇರುವುದೇ ಮನುಷ್ಯರು ಮಾಡುವ ಇಂಥ ತಪ್ಪುಗಳಿಗಾಗಿ. ಅದನ್ನು ನಾನು ಕಟ್ಟಿಹಾಕಿದ್ದೆ.

ಅಕ್ಕನಿಗೆ ನೀವೇ ಹೇಳಿಬಿಡಿ ಭಾವ. ನನಗೆ ಧೈರ್ಯ ಸಾಲದು.

ನಿಮ್ಮ ನಾದಿನಿ ಎಂದು ಬರೆದುಕೊಳ್ಳಲೂ ನಾಚಿಕೆಯಾಗುತ್ತಿದೆ


ಜುಲೈ ೭

ಪುಟ್ಟಿ,

ಮಿಷನ್ನು ಬಿಚ್ಚಿದೆ. ಎರಡು ವಾಷರ್. ನೀಟಾಗಿ ಕೂರಿಸಿದ್ದೀಯ.

ಆ ದಿನ ಟರ್ರೆನ್ನುವ ಸದ್ದು ಬರಲಿಲ್ಲ. ಇಷ್ಟು ವರ್ಷ ಕೇಳಿದ ಕಿವಿಗೆ ಅದು ಗೊತ್ತಾಗದೇ ಇರುತ್ತದೆಯೇ? ಏಣಿಯ ಮೇಲೆ ಇದ್ದಾಗಲೇ ಗೊತ್ತಾಯಿತು. ಆದರೆ ಕಡೆಯದಾಗಿ ಅದನ್ನು ಬಿಚ್ಚಿದವಳು ನೀನು. ನಿನ್ನ ಮೇಲೆ ಅನುಮಾನ ಪಡುವುದಕ್ಕಿಂತ ನನ್ನ ಕೈಯನ್ನು ಬೈದುಕೊಳ್ಳುವುದು ಸುಲಭವಿತ್ತು. ಅದಕ್ಕೇ ಇಷ್ಟು ದಿನ ಗೋಣಿಚೀಲ ತೆಗೆದು ನೋಡಲಿಲ್ಲ.

ವಾಷರ್ ಇಟ್ಟದ್ದಕ್ಕೆ ನನಗೆ ಸಿಟ್ಟಿಲ್ಲ. ಕೆಲಸ ನಿಲ್ಲಬಾರದೆಂದು ನಾನೂ ಇಂಥ ಕಳ್ಳ ರಿಪೇರಿ ಹತ್ತು ಮಾಡಿದ್ದೇನೆ, ನನ್ನ ಪುಣ್ಯಕ್ಕೆ ಯಾರಿಗೂ ಏನೂ ಆಗಲಿಲ್ಲ. ಸಿಟ್ಟಿರುವುದು ಮೇ ಹತ್ತನೇ ತಾರೀಖಿನ ಕಾಗದಕ್ಕೆ. ಆ ಕಾಗದವನ್ನು ನಾನು ಜೇಬಿನಲ್ಲಿಟ್ಟುಕೊಂಡು ತಿರುಗುತ್ತಿದ್ದೆ ಪುಟ್ಟಿ. ನಿಜ ಹೇಳಿದ ಹುಡುಗಿ ಎಂದು.

ನಿನ್ನ ಅಕ್ಕನಿಗೆ ನಾನು ಹೇಳುವುದಿಲ್ಲ. ಅದು ನಿನ್ನ ಕೆಲಸ, ನನ್ನ ತಲೆಗೆ ಕಟ್ಟಬೇಡ. ಅಲ್ಲಿಯವರೆಗೆ ನನಗೆ ಬರೆಯಬೇಡ.

ಮಿಷನ್ನು ಯಾರಿಗೂ ಕೊಟ್ಟಿಲ್ಲ.

ಭಾವ


ಆಗಸ್ಟ್ ೧೪

ಪುಟ್ಟಿ,

ನೀನು ಬರೆದದ್ದು ತಲುಪಿ ಹದಿನೈದು ದಿನವಾಯಿತು. ಆರು ಹಾಳೆಗಳನ್ನೂ ಓದಿದೆ. ಇದನ್ನು ನನ್ನ ಕೈಯಲ್ಲೇ ಬರೆಯುತ್ತಿದ್ದೇನೆ. ದಿನಕ್ಕೆ ನಾಲ್ಕು ಸಾಲು, ಅಷ್ಟಕ್ಕೇ ಭುಜ ಸೆಳೆಯುತ್ತದೆ. ಇವರ ಹತ್ತಿರ ಬರೆಸುವ ಕಾಗದವಲ್ಲ ಇದು.

ನಿನ್ನನ್ನು ಬೈದು ಮೊದಲೆರಡು ಹಾಳೆ ತುಂಬಿಸಿದ್ದೆ. ಹರಿದು ಹಾಕಿದೆ. ಬೈಗುಳವೆಲ್ಲ ನೀನು ಮೂರು ವರ್ಷದವಳಿದ್ದಾಗ ಬೈಯುತ್ತಿದ್ದ ಹಾಗೇ ಬಂದಿತ್ತು, ಈ ತಪ್ಪಿಗೆ ಅದು ಸಾಲದು.

ಒಂದು ವಿಷಯ ನಿನಗೆ ಗೊತ್ತಿರಲಿ. ಹಿಡಿ ಜೇಬಿನಲ್ಲಿತ್ತು ಎಂದು ಇವರು ಹೇಳಿದ ಮೇಲೆ ಹತ್ತು ದಿನ ನಾನು ಮಾತು ಬಿಟ್ಟಿದ್ದೆ. ಆಮೇಲೆ ಮಾತಾಡಿದೆ. ಆದರೆ ಒಂದು ಮಾತು ಮಾತ್ರ ಆಡಲಿಲ್ಲ. ದಿನಾ ಜಡೆ ಮುಗಿಸಿ “ತಪ್ಪಾಯ್ತು ಕಣೇ” ಎಂದಾಗ, ಹೋಗಲಿ ಬಿಡಿ ಎನ್ನಲಿಲ್ಲ. ಜನವರಿಯಿಂದಲೂ ಅನ್ನಲಿಲ್ಲ. ಮರೆತಲ್ಲ, ಬೇಕೆಂದೇ. ಮೈಯಲ್ಲಿ ನೋವಿರುವಾಗ ಇನ್ನೊಬ್ಬರು ಎದುರಿಗೆ ತಲೆತಗ್ಗಿಸಿ ನಿಂತರೆ ಹಿತವಾಗಿರುತ್ತದೆ. ಆ ಹಿತವನ್ನು ನಾನು ಇನ್ನೂರು ಬೆಳಗು ಉಂಡಿದ್ದೇನೆ. ಇದು ನನ್ನ ತಪ್ಪು. ಇದನ್ನೂ ನೀನೇ ಹೊತ್ತುಕೊಂಡು ದೊಡ್ಡವಳಾಗಬೇಡ.

ನಿನ್ನ ಕಾಗದ ಓದಿದ ಮಾರನೆಯ ಬೆಳಿಗ್ಗೆ ಇವರು ಎಂದಿನಂತೆ ಹೆಣೆದರು. ಎಂದಿನಂತೆ “ತಪ್ಪಾಯ್ತು ಕಣೇ” ಎಂದರು. ನಾನು ತಿರುಗಿ ಕೂತು, “ಹೋಗ್ಲಿ ಬಿಡ್ರೀ, ನಿಮ್ಮೊಬ್ಬರದೇ ತಪ್ಪಲ್ಲ. ಪುಟ್ಟಿ ಎಲ್ಲಾ ಬರ್ದಿದ್ದಾಳೆ” ಎಂದೆ.

“ಗೊತ್ತು” ಎಂದರು.

“ಯಾವಾಗಿಂದ?”

“ಜೂನಿಂದ.”

“ಮತ್ತೆ ಇವತ್ತಿಗೂ ತಪ್ಪಾಯ್ತು ಅಂತೀರಲ್ಲ?”

ಬಾಚಣಿಗೆಗೆ ಸಿಕ್ಕಿದ ಕೂದಲನ್ನು ಬಿಡಿಸಿದರು. ಆಮೇಲೆ, “ಅಭ್ಯಾಸ ಆಗ್ಹೋಗಿದೆ ಕಣೇ” ಎಂದು ಅಂಗಡಿಗೆ ಹೊರಟುಹೋದರು.

ಅವತ್ತಿನಿಂದ ನಾನು ದಿನಾ ಹೋಗ್ಲಿ ಬಿಡಿ ಎನ್ನುತ್ತೇನೆ. ಅವರ ಬಾಯಲ್ಲಿ ಆ ಮಾತು ನಿಂತಿಲ್ಲ. ಮೊನ್ನೆ ತರಕಾರಿಯವಳು ಚಿಲ್ಲರೆ ಇಲ್ಲ ಎಂದರೆ ಅವಳಿಗೂ ತಪ್ಪಾಯ್ತು ಎಂದರು.

ನಿನ್ನನ್ನು ಕ್ಷಮಿಸಿದೆ ಎಂದು ಬರೆಯಲು ಎರಡು ದಿನ ಪೆನ್ನು ಹಿಡಿದು ಕೂತಿದ್ದೆ. ಆಗಲಿಲ್ಲ. ಬರಬೇಡ ಎಂದು ಬರೆಯಲೂ ಆಗಲಿಲ್ಲ. ಬಾ. ಆದರೆ ಬಸ್ಸಿಳಿದು ನೇರ ಮನೆಗೆ ಬರಬೇಡ, ಬಾಗಿಲು ತೆಗೆಯುವುದಿಲ್ಲ. ಮೊದಲು ಬಣ್ಣದ ಅಂಗಡಿಗೆ ಹೋಗು. ಬೆಳಿಗ್ಗೆ ಹನ್ನೊಂದಕ್ಕೆ ಹೋಗು, ಆಗ ಗಾರೆಯವರು, ಪ್ಲಂಬರು, ಹಳೆಯ ಗಿರಾಕಿಗಳು ಎಲ್ಲ ಇರುತ್ತಾರೆ. ಭಾವನನ್ನು ಹೊರಗೆ ಕರೆದು ಗುಟ್ಟಾಗಿ ಹೇಳಬೇಡ. ಅಲ್ಲೇ ನಿಂತು, ಎಲ್ಲರಿಗೂ ಕೇಳುವ ಹಾಗೆ, ಭಾವನ ಕೈ ತಪ್ಪಲಿಲ್ಲ ಎಂದು ಹೇಳು.

ಅಕ್ಕ